ಜನಿವಾರದ ಕೀಲಿಕೈ

ನಮ್ಮ ಸ್ಟಾರ್ಟಪ್ ಮಂದಿಯ ಆನ್‌ಲೈನ್ ಗುಂಪಿನಲ್ಲಿ ಬೆಳಿಗ್ಗೆಯಿಂದ ಒಂದೇ ಜಗಳ: ನಿಜವಾದ ಹ್ಯಾಕರ್ ಅಂದರೆ ಯಾರು? ನಡುವೆ ಯಾರೋ ಬೀಗ ಹಾಕಿದ ಹಳೆಯ ಡಯಲ್ ಫೋನಿನ ಫೋಟೊ ಹಾಕಿದರು. ನನ್ನ ನೆನಪು ಸೀದಾ ಕೂಕಟ್‌ಪಲ್ಲಿಯ ನಮ್ಮ ಹಳೇ ಮನೆಗೆ ಹೋಗಿಬಿಟ್ಟಿತು.

ಅಮ್ಮ ಹಿಮಾಯತ್‌ನಗರದ ಚಿಕ್ಕಮ್ಮನ ಜೊತೆ ಹರಟುತ್ತಲೇ ಇರುತ್ತಾಳೆಂದು ಅಪ್ಪ ಫೋನಿನ ಡಯಲ್ಲಿಗೆ ಬೀಗ ಜಡಿದು, ಕೀಲಿಕೈಯನ್ನು ಜನಿವಾರಕ್ಕೆ ಕಟ್ಟಿಕೊಂಡಿದ್ದರು. ನೂಲಹುಣ್ಣಿಮೆಯ ದಿನ ಹೊಸ ಜನಿವಾರ ಹಾಕಿಕೊಂಡು, ಹಳೆಯದನ್ನು ಕೀಲಿಕೈ ಸಮೇತ ಕೆರೆಗೆ ಬಿಟ್ಟು ಬಂದರು. ತಡವಾಗುತ್ತದೆಂದು ಆಫೀಸಿನ ಸಾಹೇಬರಿಗೆ ಫೋನ್ ಮಾಡಲು ಹೋದಾಗಲೇ ಅದು ನೆನಪಾದದ್ದು.

"ಇವತ್ತ ಮೆಮೊ ಗ್ಯಾರಂಟಿ" ಎಂದು ತಲೆಯ ಮೇಲೆ ಕೈಹೊತ್ತು ಕೂತರು.

ಅಮ್ಮ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದು, "ನಂಬರ್ ಹೇಳ್ರಿ" ಎಂದಳು. ಡಯಲ್ ಮುಟ್ಟಲೇ ಇಲ್ಲ. ರಿಸೀವರ್ ಎತ್ತಿ, ಅದು ಕೂರುವ ಜಾಗದ ಗುಂಡಿಯನ್ನೇ ಒಂದೊಂದು ಅಂಕಿಗೆ ಅಷ್ಟಷ್ಟು ಸಲ ಟಕಟಕ ಒತ್ತಿದಳು. ಆ ಕಡೆ ರಿಂಗಾಯಿತು!

ಅಪ್ಪ ಬಾಯಿ ತೆರೆದವರು ಮುಚ್ಚಲಿಲ್ಲ. "ಯಾವಾಗ ಕಲ್ತಿ ಇದನ್ನ?"

"ನೀವು ಕೀಲಿ ಹಾಕಿದ ಮರುದಿನಾನ ಕಲ್ತೀನ್ರಿ."

ಇದನ್ನೇ ಗುಂಪಿನಲ್ಲಿ ಬರೆದೆ. ಜಗಳ ನಿಂತಿತು. ನಿಮ್ಮ ಅಮ್ಮ ನಮ್ಮ ಕಂಪನಿಗೆ ಬರುತ್ತಾರಾ ಎಂದು ಒಬ್ಬ ಕೇಳಿದ್ದಾನೆ. ವಿಚಾರಿಸೋಣವೆಂದು ಅರ್ಧ ಗಂಟೆಯಿಂದ ಫೋನ್ ಮಾಡುತ್ತಿದ್ದೇನೆ. ಅಮ್ಮನ ಲೈನ್ ಬ್ಯುಸಿ. ಚಿಕ್ಕಮ್ಮನದೂ.