ಹುಣಸೆ ಬೀಜ ಬರೆದ ಸಾಲುಗಳು

ನಿಜಾಮರ ಆಳ್ವಿಕೆ ಮುಗಿದು ಶಾಲೆಗಳಿಗೆ ಕನ್ನಡ ಬಂದ ಹೊಸತರಲ್ಲಿ ನಾನು ಲಿಂಗಸುಗೂರಿನಲ್ಲಿ ಲೆಕ್ಕದ ಮಾಸ್ತರನಾಗಿದ್ದೆ. ಉರ್ದುವಿನಲ್ಲಿ ಕಲಿತ ಲೆಕ್ಕವನ್ನು ಕನ್ನಡದಲ್ಲಿ ಕಲಿಸಬೇಕು. ಹುಡುಗರು ನಕ್ಕಾರು ಎಂಬ ಹೆದರಿಕೆಗೆ ಸಂಜೆ ಮನೆಯಲ್ಲಿ ಕೂತು ಅಕ್ಷರ ತಿದ್ದುತ್ತಿದ್ದೆ. ಬೀಗ ಹಾಕಿದೆನೋ ಇಲ್ಲವೋ ಎಂದು ಅರ್ಧ ದಾರಿಯಿಂದ ಮನೆಗೆ ತಿರುಗಿ ಬರುವ ಜಾತಿ ನನ್ನದು. ಈಗ ನಡುವಯಸ್ಸಿನಲ್ಲೂ ಅದೇ. ಆಗಂತೂ ಒತ್ತಕ್ಷರಗಳೆಲ್ಲ ಕನಸಿನಲ್ಲಿ ಬರುತ್ತಿದ್ದವು.

ಎದುರಿಗೆ ಕೂತು ನೋಡುತ್ತಿದ್ದ ಅವ್ವ ಒಂದು ದಿನ, "ನನಗೂ ಕಲಿಸು" ಎಂದಳು. ಈ ವಯಸ್ಸಿನಲ್ಲಿ ಪಾಟಿ ಹಿಡಿಯಲು ನಾಚಿಕೆ. ಅದಕ್ಕೆ ಚೌಕಾಬಾರ ಆಡುವ ಹುಣಸೆ ಬೀಜಗಳನ್ನು ತಂದು ಮುಂದೆ ಸುರಿದಳು. ಆಟಕ್ಕೆಂದು ಬೀಜದ ಒಂದು ಮಗ್ಗುಲನ್ನು ಕಲ್ಲಿಗೆ ತಿಕ್ಕಿ ಬೆಳ್ಳಗೆ ಮಾಡಿರುತ್ತಾರಲ್ಲ, ಆ ಬಿಳುಪಿನ ಮೇಲೆ ಮಸಿಯಲ್ಲಿ ಒಂದೊಂದು ಅಕ್ಷರ ಬರೆದುಕೊಟ್ಟೆ. ಆಮೇಲೆ ಕಾಗುಣಿತಕ್ಕೂ ಬೀಜಗಳಾದವು. ಎಲೆ ಅಡಿಕೆಯ ಚೀಲದಲ್ಲಿ ಅವನ್ನೂ ಇಟ್ಟುಕೊಂಡು ಓಡಾಡುತ್ತಿದ್ದಳು.

ಅವಳ ಆಸೆ ಒಂದೇ. ಸಿಂಧನೂರಿನಲ್ಲಿ ಅವಳ ತಮ್ಮನ, ಅಂದರೆ ನನ್ನ ಮಾವನ ಮನೆಯಲ್ಲಿ ಶ್ರಾವಣ ಪೂರ್ತಿ ಪುರಾಣ ಓದಿಸುವ ಪದ್ಧತಿ. ಓದುತ್ತಿದ್ದ ಅಯ್ಯನವರಿಗೆ ಕಣ್ಣು ಮಂದವಾಗಿದ್ದವು. ಅವರು ಕೂರುವ ಮಣೆಯ ಮೇಲೆ ಈ ಸಲ ತಾನು ಕೂತು ಓದಬೇಕು. ನಮ್ಮ ಮನೆತನದಲ್ಲಿ ಹೆಂಗಸರು ಯಾರೂ ಕೂತಿರಲಿಲ್ಲ.

"ಮೊದಲ ಒಮ್ಮೆ ಓದಿ ತೋರಸು" ಎಂದ ಮಾವ. ಹೋದೆವು. ಅವ್ವ ಪುಸ್ತಕದ ಮೇಲೆ ಬೆರಳಿಟ್ಟು ಸರಾಗವಾಗಿ ಓದುತ್ತ ಹೋದಳು. ನಾನು ಉಬ್ಬಿ ಕೂತಿದ್ದೆ. ಒಂದು ಹಾಳೆ ತಿರುವಿ ಮುಂದಕ್ಕೆ ಹೋದಾಗ, ಬಗ್ಗಿ ನೋಡುತ್ತಿದ್ದ ಮಾವ ನಗತೊಡಗಿದ.

"ಯಕ್ಕಾ, ಪ್ರಸಾದದ ಬೆಲ್ಲ ಹತ್ತಿ ಎರಡು ಹಾಳಿ ಅಂಟಿಕೊಂಡಾವ. ನೀ ಓದಾಕತ್ತಿದ್ದು ಒಳಗ ಅದ, ಹೊರಗ ಇಲ್ಲ."

ನಿಜವಾಗಿತ್ತು. ವರ್ಷ ವರ್ಷ ಕೇಳಿದ ಪುರಾಣ. ಆ ಓಣಿಯ ಎಲ್ಲರಿಗೂ ಬಾಯಿಗೆ ಬರುತ್ತಿತ್ತು. ಅವ್ವ ಪುಸ್ತಕ ಮುಚ್ಚಿದಳು. ಊಟಕ್ಕೆ ಕೂತಾಗ ನನ್ನ ಕಡೆ ಬಾಗಿ ಕೇಳಿದಳು: "ನಾ ಓದಾಕತ್ತಿದ್ನೋ, ನೆನಸಾಕತ್ತಿದ್ನೋ? ನಂಗ ತಿಳಿವಲ್ದು."

ಕಲಿಸಿದ ನನಗೂ ತಿಳಿಯಲಿಲ್ಲ. ಬೇರೆ ಪುಸ್ತಕ ಕೊಟ್ಟು ನೋಡೋಣ ಎಂದೆ. "ನೀ ಮಗ ಅದಿ, ಮಾಸ್ತರ ಬ್ಯಾರೆ. ಮೊದಲ ಬಾಯಿಪಾಠ ಮಾಡಿಸಿರ್ತಿ" ಎಂದ ಮಾವ. ಹಾಗಾದರೆ ಯಾರೂ ಬರೆಯದ ಬರಹ ಬೇಕಾಯಿತು. ಅದನ್ನು ಎಲ್ಲಿಂದ ತರುವುದು?

ಅವ್ವ ಚೀಲ ಬಿಚ್ಚಿ ಬೀಜಗಳನ್ನು ತಮ್ಮನ ಬೊಗಸೆಗೆ ಹಾಕಿದಳು. "ನೀನ ಚೆಲ್ಲು. ಬೆಳ್ಳಗಿದ್ದದ್ದು ಮ್ಯಾಲ ಬಿದ್ರ ಓದ್ತೀನಿ."

ನಾನು ಲೆಕ್ಕದವನಲ್ಲವೇ, ತಲೆಯೊಳಗೆ ಲೆಕ್ಕ ಸುರುವಾಯಿತು. ಹೀಗೆ ಚೆಲ್ಲಿದರೆ ಎರಡಕ್ಷರದ ಮಾತು ಆಗೀಗ ಬಂದೀತು, ಮೂರಕ್ಷರದ್ದು ಅಪರೂಪ, ನಾಲ್ಕಕ್ಕೆ ಸಂಜೆತನಕ ಕಾಯಬೇಕು. ಪುರಾಣದ ಒಂದು ಸಾಲು ಬೀಳಬೇಕಾದರೆ ನಾವಷ್ಟೇ ಅಲ್ಲ, ಸಿಂಧನೂರೂ ಉಳಿದಿರುವುದಿಲ್ಲ. ಅರ್ಥವಿಲ್ಲದ್ದನ್ನು ಪಾಪ, ಅವ್ವ ಹೇಗೆ ಓದಿಯಾಳು? ಒಂದಾದರೂ ನೆಟ್ಟಗಿನ ಮಾತು ಬೀಳಲಿ ಎಂದು ಕೊರಳಲ್ಲಿದ್ದ ಲಿಂಗಕ್ಕೆ ಕೈಮುಗಿದೆ.

ಅಷ್ಟರಲ್ಲಿ ಪಕ್ಕದ ಅರಿವೆ ಅಂಗಡಿಯ ಚಾಚಾ, ಗಿರಾಕಿ ಇಲ್ಲದ್ದರಿಂದ, ಬಂದು ಕಟ್ಟೆಯ ಮೇಲೆ ಕೂತರು. ಮಾವ ಬೊಗಸೆಯಿಂದ ಏಳೆಂಟು ಬೀಜ ಚೆಲ್ಲಿದ. ಮಗುಚಿ ಬಿದ್ದವನ್ನು ತೆಗೆದು, ಉಳಿದವನ್ನು ಬಿದ್ದ ಸರತಿಯಲ್ಲೇ ನೆಟ್ಟಗೆ ಮಾಡಿದ.

ಅವ್ವ ಬಗ್ಗಿದಳು. "ರು. ತ. ಮಿ. ಗೋ. ರುತಮಿಗೋ." ತಲೆಯೆತ್ತಿ ಕೇಳಿದಳು, "ಇದು ಯಾವ ಊರಿನ ಮಾತೋ ತಮ್ಮಾ?"

"ನನಗೇನ್ ಗೊತ್ತು ಬೇ, ಬೀಜ ನಿನ್ನವು" ಎಂದು ಮಾವ ಮತ್ತೆ ಚೆಲ್ಲಿದ.

"ಳಿಸಕೆದೊ. ಥೂ, ಬಾಯಿ ಹೊಲಸಾತು."

ಮತ್ತೊಮ್ಮೆ ಚೆಲ್ಲಿದಾಗ ನಾನು ಕೂತಲ್ಲೇ ಪುಟಿದೆ. ನೆ, ರ, ಳು. ಯಾರೂ ಜೋಡಿಸದೆ, ಆ ಸುಡು ಬಿಸಿಲಿನ ಊರಿನಲ್ಲಿ ನೆರಳು ಬಿದ್ದಿತ್ತು. "ನೆರಳು" ಎಂದಳು ಅವ್ವ. ನಾನೇ ಆ ಮಾತನ್ನು ಹೆತ್ತವನಂತೆ ಸುತ್ತ ನೋಡಿದೆ.

ಮಾವ ಕೈ ಕೊಡವಿದ. "ಇದು ನಡಿಯಂಗಿಲ್ಲ. ಎರಡಕ್ಷರ ಗುರುತ ಸಿಕ್ರ ಮೂರನೇದ್ದು ಬಾಯಿಗೆ ತಾನ ಬರ್ತದ. ಅರ್ಥ ಇದ್ದದ್ದು ಲೆಕ್ಕಕ್ಕಿಲ್ಲ."

ಲೆಕ್ಕದ ಮಾಸ್ತರನಿಗೆ ಆಗ ಬುದ್ಧಿ ಬಂತು. ನಾನು ಹರಕೆ ಹೊತ್ತು ತರಿಸಿದ ಅರ್ಥ ಮೂರು ಕಾಸಿಗೂ ಬಾಳಲಿಲ್ಲ. ಆ ಹಾಳು ರುತಮಿಗೋನೇ ಗಟ್ಟಿ ಸಾಕ್ಷಿ. ಅದನ್ನು ಊಹಿಸುವವರಿಲ್ಲ, ನೆನೆಸುವವರಿಲ್ಲ. ಓದಲು ಬಂದವರು ಮಾತ್ರ ಹೇಳಬಲ್ಲರು.

ಚಾಚಾಗೆ ಹುರುಪು ಬಂತು. "ಅಕ್ಕಾರ, ಈಗ ನಮ್ಮ ಕಡೆಯಿಂದ ಓದ್ರಿ" ಎಂದು ಉರ್ದು ಓದುವಂತೆ ಬಲದಿಂದ ಎಡಕ್ಕೆ ಬೆರಳೆಳೆದು ತೋರಿಸಿದರು.

"ಳುರನೆ" ಎಂದಳು ಅವ್ವ, ತಡವರಿಸದೆ.

"ಬಸ್. ಇದು ಯಾವ ಪುರಾಣದಾಗ ಬರ್ತದ ಹೇಳಪ್ಪ" ಎಂದು ಚಾಚಾ ಮಾವನ ತೊಡೆಗೆ ತಟ್ಟಿದರು.

ಮಾವ ಬೀಜಗಳನ್ನು ಒಂದೊಂದಾಗಿ ಆರಿಸಿ ಅಕ್ಕನ ಚೀಲಕ್ಕೆ ಹಾಕಿದ. "ಓದೋ ಮಣಿ ಒರೆಸಿ ಇಟ್ಟಿರ್ತೀನಿ, ಬಾ ಯಕ್ಕಾ" ಎಂದ.

ವಾಪಸು ಬರುವಾಗ ಅವ್ವ ಬಸ್ಸಿನ ಕಿಟಕಿಯಿಂದ ಕಂಡ ಬೋರ್ಡುಗಳನ್ನೆಲ್ಲ ಜೋರಾಗಿ ಓದಿದಳು. ಮಸ್ಕಿಯಲ್ಲಿ ಬಸ್ಸು ನಿಂತಾಗ ಗುಡ್ಡದ ಕಡೆ ನೋಡಿ, "ಅಲ್ಲಿ ಕಲ್ಲಿನ ಮ್ಯಾಲ ಹಳೇ ರಾಜ ಬರೆಸ್ಯಾನಂತಲ್ಲ, ಅದನ್ನೂ ಕಲಿಸು" ಎಂದಳು. ಆ ಲಿಪಿ ನನಗೆ ಬಾರದು ಎಂದೆ. "ಕಲ್ತುಕೋ ಮತ್ತ."

ಶ್ರಾವಣ ಬಂತು. ಪಡಸಾಲೆ ತುಂಬಿತ್ತು. ಅವ್ವ ಮಣೆಯ ಮೇಲೆ ಕೂತು ಓದುತ್ತ ಓದುತ್ತ ಆ ಬೆಲ್ಲದ ಹಾಳೆಗೆ ಬಂದು, ಮಾತಿನ ನಡುವೆಯೇ ನಿಂತಳು. ಮರೆತಳೆಂದು ನಾನು ಕತ್ತು ಚಾಚಿದೆ. ಮುಂದಿನ ಸಾಲು ಕೂತವರಿಗೆಲ್ಲ ಗೊತ್ತು; ನಾಲ್ಕೂ ಕಡೆಯಿಂದ ಎತ್ತಿಕೊಟ್ಟರು. ಅವ್ವ ಕೈಯೆತ್ತಿ ಸುಮ್ಮನಿರಿಸಿದಳು.

"ಗೊತ್ತದ ನನಗೂ" ಎಂದಳು. "ತಡೀರಿ, ಹಾಳಿ ಬಿಡಸ್ತೀನಿ."

ಬೆರಳು ತೋಯಿಸಿಕೊಂಡು, ಹರಿಯದಂತೆ ಮೆಲ್ಲಗೆ ಬಿಡಿಸತೊಡಗಿದಳು. ಇಡೀ ಓಣಿ ಕಾಯಿತು.