ನೆಲನೆಲ್ಲಿಯ ಮೇಲೆ ಹೊರಿಸಿದ ತಪ್ಪು

ಕೋವಿಡ್ ವಾರ್ಡು ಮುಚ್ಚಿದ ಮರುವರ್ಷ ನಾನು ಶಿವಮೊಗ್ಗದ ಒಂದು ಆಸ್ಪತ್ರೆಯಲ್ಲಿ ಮಕ್ಕಳ ವಿಭಾಗದ ಹಿರಿಯ ವೈದ್ಯೆಯಾಗಿದ್ದೆ. ಕೋಪ ಮೂಗಿನ ತುದಿಯಲ್ಲೇ ಇರುವವಳು. ಎದುರಿಗಿದ್ದವರು ಮಾತು ಮುಗಿಸುವಷ್ಟರಲ್ಲಿ ಅರ್ಧ ಚೀಟಿ ಬರೆದಿರುತ್ತಿದ್ದೆ. ಅದನ್ನೇ ಜಾಣತನ ಅಂದುಕೊಂಡಿದ್ದೆ.

ಭದ್ರಾವತಿಯಿಂದ ಮೂರು ತಿಂಗಳ ಹೆಣ್ಣುಮಗು ಬಂತು. ಮೈಯೆಲ್ಲ ಅರಿಶಿನ, ಸೂಜಿ ಚುಚ್ಚಿದಲ್ಲಿ ರಕ್ತ ನಿಲ್ಲುತ್ತಿಲ್ಲ. ಲಿವರ್ ಕೈಕೊಡುತ್ತಿತ್ತು. ತಾಯಿ ರೂಪಾ, “ಇದೇ ಮೊದಲ್ನೇ ಮಗು” ಎಂದಳು. ಅವಳ ತಾಯಿ ಗಂಗಮ್ಮ, ಕಾಮಾಲೆಗೆಂದು ನೆಲನೆಲ್ಲಿ ಸೊಪ್ಪಿನ ರಸವನ್ನು ಮಗುವಿನ ನಾಲಿಗೆಗೆ ಸವರಿದ್ದನ್ನು ಒಪ್ಪಿಕೊಂಡರು. ನನಗೆ ಅಷ್ಟು ಸಾಕಾಯಿತು.

“ಡಾಕ್ಟ್ರೇ, ಇನ್ನೊಂದು ಮಾತು ಹೇಳ್ಬೇಕಿತ್ತು” ಎಂದರು.

“ಮಾಡಿದ್ದು ಸಾಕು. ಹೊರಗೆ ಕೂತ್ಕೊಳ್ಳಿ.”

ಕೇಸ್ ಶೀಟಿನಲ್ಲಿ ‘ನಾಟಿ ಔಷಧಿಯಿಂದ’ ಎಂದು ಬರೆದೆ. ಮನೆಯವರೂ ಗಂಗಮ್ಮನ ಜೊತೆ ಮಾತು ಬಿಟ್ಟರು.

ರಕ್ತ ಹೆಪ್ಪುಗಟ್ಟುವುದನ್ನು ಅಳೆಯುವ ಐ.ಎನ್.ಆರ್. ಒಂದರ ಆಸುಪಾಸು ಇರಬೇಕು. ಮಗುವಿನದು ಮೂರೂವರೆ ಇತ್ತು, ಮರುದಿನ ನಾಲ್ಕು ದಾಟಿತು. ಒಂದು ಹನಿ ಸೊಪ್ಪಿನ ರಸ ಇಷ್ಟು ಮಾಡೀತೇ? ಕಾಲು ಸುಟ್ಟ ಬೆಕ್ಕಿನಂತೆ ವಾರ್ಡಿನ ಉದ್ದಕ್ಕೂ ತಿರುಗಿದೆ. ಸಿಸ್ಟರುಗಳ ಮೇಲೆ ಸುಮ್ಮನೆ ಹರಿಹಾಯ್ದೆ.

ಮೂರನೆಯ ಬೆಳಿಗ್ಗೆ ಗಂಗಮ್ಮ ಇನ್ನೂ ವಾರ್ಡಿನ ಹೊರಗಿನ ಮೆಟ್ಟಿಲ ಮೇಲೆಯೇ ಕೂತಿದ್ದರು. ಪಕ್ಕದಲ್ಲಿ ಕೂತು, “ಏನು ಹೇಳ್ಬೇಕಿತ್ತು ನೀವು?” ಎಂದೆ.

“ಇದು ಎರಡ್ನೇ ಮಗು. ಮೊದಲ್ನೇದೂ ಮೂರು ತಿಂಗ್ಳಿಗೆ ಹಿಂಗೇ ಹಳದಿಯಾಗಿ ಹೋಯ್ತು. ಆಗ ನಾನು ಏನೂ ಕೊಟ್ಟಿರ್ಲಿಲ್ಲ. ಇರೋ ಮಗು ಮುಂದೆ, ಹೋದ ಮಗು ಮಾತು ಎತ್ತಬಾರ್ದು ಅಂತ ರೂಪಾ ಸುಳ್ಳು ಹೇಳಿದ್ಲು. ಅವ್ಳನ್ನ ನನ್ನ ತಮ್ಮಂಗೇ ಕೊಟ್ಟಿರೋದು.”

ಸೋದರಮಾವನ ಜೊತೆ ಮದುವೆ, ಎರಡನೆಯ ಮಗು, ಅದೇ ವಯಸ್ಸು. ಇದು ವಂಶದಲ್ಲೇ ಹರಿದು ಬಂದ ರೋಗವಿರಬೇಕು. ಬೆಂಗಳೂರಿನ ಗೆಳತಿಗೆ ಫೋನ್ ಮಾಡಿದೆ. ಅವಳು ಜೀನ್ ರೋಗಗಳ ತಜ್ಞೆ.

“ಲ್ಯಾಕ್ಟೇಟ್ ನೋಡಿದ್ಯಾ ಮಾರಾಯ್ತಿ?” ಎಂದಳು. ನೋಡಿರಲಿಲ್ಲ. ಕೋಶಗಳಿಗೆ ಶಕ್ತಿ ಸಾಲದಾದಾಗ ರಕ್ತದಲ್ಲಿ ಏರುವ ಆಮ್ಲ ಅದು; ನೋಡಿದರೆ ಬಹಳ ಹೆಚ್ಚಿತ್ತು.

ಅವಳು ವಿವರಿಸಿದ್ದು ಇದು. ಜೀವಕೋಶದಲ್ಲಿ ಪ್ರೋಟೀನ್ ಕಟ್ಟಲು ಅಮೈನೋ ಆಮ್ಲಗಳನ್ನು ಹೊತ್ತು ತರುವ ಕೂಲಿಯಾಳು ಟ್ರಾನ್ಸ್‌ಫರ್ ಆರ್‌ಎನ್‌ಎ. ಕೋಶಕ್ಕೆ ಶಕ್ತಿ ಕೊಡುವ ಮೈಟೊಕಾಂಡ್ರಿಯಾದ ಕೆಲವು ಆರ್‌ಎನ್‌ಎಗಳಿಗೆ ಒಂದು ಗಂಧಕದ ಪರಮಾಣು ಅಂಟಿದರೇ ಕೆಲಸ ಸರಿಯಾಗಿ ನಡೆಯುವುದು. ಅಂಟಿಸುವ ಕಿಣ್ವ ಟಿ.ಆರ್.ಎಂ.ಯು. ಅದು ದುರ್ಬಲವಾಗಿದ್ದರೆ ಲಿವರ್ ಸೋಲುತ್ತದೆ. ಗಂಧಕ ಬರುವುದು ಸಿಸ್ಟೀನ್ ಎಂಬ ಅಮೈನೋ ಆಮ್ಲದಿಂದ. ಎಳೆಮಗುವಿನ ದೇಹ ಅದನ್ನು ಸಾಕಷ್ಟು ತಯಾರಿಸಲಾರದು. ಆ ಕೆಲವು ತಿಂಗಳು ದಾಟಿಸಿದರೆ ಮಗು ಚೇತರಿಸಿಕೊಳ್ಳಬಹುದು. “ಜೀನ್ ಟೆಸ್ಟಿಗೆ ರಕ್ತ ಕಳ್ಸು, ರಿಪೋರ್ಟಿಗೆ ಕಾಯ್ಬೇಡ. ಅಸಿಟೈಲ್ ಸಿಸ್ಟೀನ್ ಶುರು ಮಾಡು.”

ಪ್ಯಾರಾಸಿಟಮಾಲ್ ವಿಷವೇರಿದವರಿಗೆ ಕೊಡುವ ಹಳೆಯ ಔಷಧಿ ಅದು, ದೇಹಕ್ಕೆ ಸಿಸ್ಟೀನ್ ಒದಗಿಸುತ್ತದೆ. ನಮ್ಮ ಕಪಾಟಿನಲ್ಲೇ ಇತ್ತು; ಅಂದೇ ಶುರು ಮಾಡಿದೆ.

ಐದನೆಯ ದಿನ ಐ.ಎನ್.ಆರ್. ಇಳಿಯತೊಡಗಿತು. ತಿಂಗಳ ನಂತರ ಬಂದ ಜೀನ್ ರಿಪೋರ್ಟ್ ಟಿ.ಆರ್.ಎಂ.ಯು. ದೋಷವನ್ನೇ ಹೇಳಿತು. ಎಲ್ಲರೆದುರು ಗಂಗಮ್ಮನ ಕೈ ಹಿಡಿದು, “ತಪ್ಪು ಸೊಪ್ಪಿಂದೂ ಅಲ್ಲ, ನಿಮ್ದೂ ಅಲ್ಲ, ನಂದು” ಎಂದೆ. ಅವರು ಮೊಮ್ಮಗಳನ್ನು ಎತ್ತಿಕೊಂಡರು.

“ಈ ಔಷ್ಧಿ ಮೊದಲ್ನೇದು ಹೋದಾಗ್ಲೂ ಇತ್ತಾ ಡಾಕ್ಟ್ರೇ?”

“ಇತ್ತಮ್ಮ.”

ಅಂದಿನಿಂದ, ಎದುರಿಗಿದ್ದವರ ಮಾತು ಮುಗಿಯುವವರೆಗೆ ಪೆನ್ನಿನ ಮುಚ್ಚಳ ತೆಗೆಯುವುದಿಲ್ಲ. ಕೈ ಈಗಲೂ ಚಡಪಡಿಸುತ್ತದೆ. ಚಡಪಡಿಸಲಿ.