ಹೇಮಾವತಿಯವರ ಹತ್ತು ನಿಮಿಷದ ಬಟಾಣಿ ಪಲ್ಯ

ಹೇಮಾವತಿಯವರು ಹನ್ನೊಂದು ತಟ್ಟೆಗೆ ಹಸಿ ಬಟಾಣಿ ಪಲ್ಯ ಬಡಿಸಿದ ದಿನ, ಹನ್ನೊಂದೂ ಜನ ಅದನ್ನು ಚಟ್ನಿ ಎಂದುಕೊಂಡು ರೊಟ್ಟಿಗೆ ಸವರಿ ತಿಂದರು. ತಿಂದು ಸುಮ್ಮನಿದ್ದಿದ್ದರೆ ಮಾನ ಉಳಿಯುತ್ತಿತ್ತು. ಚಟ್ನಿ ಚೆನ್ನಾಗಿದೆ ಎಂದು ಹೊಗಳಿ, ಪಲ್ಯ ಯಾವಾಗ ಬರುತ್ತದೋ ಎಂದು ಅಡುಗೆಮನೆಯ ಬಾಗಿಲು ನೋಡುತ್ತಾ ಕೂತರು. ಪಲ್ಯ ಬರಲಿಲ್ಲ. ಅದು ಕುಕ್ಕರಿನೊಳಗಿಂದಲೇ ಪಲಾಯನ ಮಾಡಿತ್ತು.

ಆದದ್ದು ಇಷ್ಟು. ಶಿವನಿ ಸ್ಟೇಷನ್ನಿನ ಹಿಂದೆ, ಹಳಿಗೆ ಬೆನ್ನು ಹಾಕಿಕೊಂಡು ಅವರ ಮನೆ. ಅದರ ಪಕ್ಕದ್ದು ನಮ್ಮದು. ಅಂತರಘಟ್ಟೆಯಿಂದ ಹತ್ತೊಂಬತ್ತನೇ ವಯಸ್ಸಿಗೆ ಮದುವೆಯಾಗಿ ಬಂದ ಹೊಸದರಲ್ಲಿ, ಗೂಡ್ಸ್ ಗಾಡಿ ಕೂಗಿದಾಗಲೆಲ್ಲ ಹೇಮಾವತಿ ಕೈಯಲ್ಲಿದ್ದ ಪಾತ್ರೆ ಕೆಳಗೆ ಹಾಕುತ್ತಿದ್ದರಂತೆ. ಎರಡು ಚೊಂಬು, ಒಂದು ಕೊಳಗ ನೆಗ್ಗಿದ ಮೇಲೆ ಅತ್ತೆ, ಸೀಟಿ ಹೊಡೆದರೆ ಕೇಳಿಸಿಕೊಳ್ಳಬೇಡ ಎಂದು ಬುದ್ಧಿ ಹೇಳಿದರು. ಸೊಸೆ ಒಳ್ಳೆಯವಳು. ಮೂವತ್ತೆರಡು ವರ್ಷ ಆ ಮಾತು ಪಾಲಿಸಿ, ಈಗ ಸೀಟಿ ಎಂಬ ಶಬ್ದವೇ ಅವರ ಕಿವಿಯೊಳಗೆ ಇಳಿಯುವುದಿಲ್ಲ. ಬೇಳೆ ಐದು ಸೀಟಿಗೆ ಬೆಂದರೇನು, ಎಂಟಕ್ಕೆ ಬೆಂದರೇನು, ಸಾರಿಗೆ ನಷ್ಟವಿಲ್ಲ. ಹಸಿ ಬಟಾಣಿ ಅಷ್ಟು ಸಹನೆಯ ಕಾಳಲ್ಲ. ಅವತ್ತು ಸಿಗ್ನಲ್ ಸಿಗದ ಗೂಡ್ಸ್ ಗಾಡಿಯೊಂದು ಹೊರಗೆ ಕೂಗುತ್ತಿತ್ತು, ಒಳಗೆ ಕುಕ್ಕರ್ ಅದಕ್ಕೆ ಜವಾಬು ಕೊಡುತ್ತಿತ್ತು, ಹೇಮಾವತಿ ಎರಡನ್ನೂ ಲೆಕ್ಕಕ್ಕಿಡದೆ ರೊಟ್ಟಿ ತಟ್ಟುತ್ತಿದ್ದರು. ರೈಲಿನೊಳಗೆ ಜನ ಸೀಟಿಗಾಗಿ ಮಾನ ಬಿಡುವುದುಂಟು. ಇವರದ್ದು ಸೀಟಿಯಿಂದ ಹೋಯಿತು. ಕಾನ್ವೆಂಟಿನಲ್ಲಿ ಕಲಿತ ನನಗೆ ಪೀಸ್ ಎಂದರೆ ಶಾಂತಿಯೂ ಹೌದು, ಬಟಾಣಿಯೂ ಹೌದು. ಅವತ್ತು ಆ ಮನೆಯಲ್ಲಿ ಎರಡೂ ಉಳಿಯಲಿಲ್ಲ.

ಒಂದು ಪಲ್ಯ ಕೆಟ್ಟರೆ ಇಷ್ಟೇಕೆ ಎಂದು ಕೇಳಬಹುದು. ತಿಂದವರು ನೆಂಟರಾಗಿದ್ದರೆ ನಕ್ಕು ಬಿಡಬಹುದಿತ್ತು. ಅವರು ಮುಯ್ಯಾಳುಗಳು. ಇವತ್ತು ನಿಮ್ಮ ಹೊಲಕ್ಕೆ ನಾವು, ನಾಳೆ ನಮ್ಮ ಹೊಲಕ್ಕೆ ನೀವು ಎಂದು ಹೆಂಗಸರು ಕೈ ಸೇರಿಸಿ ಮಾಡುವ ಕೆಲಸ ಮುಯ್ಯಿ. ಕೂಲಿ ಇಲ್ಲ, ಊಟ ಉಂಟು. ಆ ಊಟವೇ ಒಪ್ಪಂದದ ರುಜು. ಕೆಲಸಕ್ಕೆ ಬಂದವರು ತಮ್ಮ ಮನೆಯಿಂದ ಬುತ್ತಿ ಕಟ್ಟಿಕೊಂಡು ಬಂದರೆಂದರೆ ಆ ಮನೆಯ ಅನ್ನಕ್ಕೆ ಬೆಲೆ ಹೋಯಿತೆಂದು ಅರ್ಥ. ಮುಂದಿನ ವರ್ಷ ಆ ಮನೆಯ ಹೆಸರು ಸರದಿಯಿಂದ ಸದ್ದಿಲ್ಲದೆ ಬಿದ್ದುಹೋಗುತ್ತದೆ. ಹೇಮಾವತಿಯವರಿಗೆ ಇರುವುದು ಮಳೆಯನ್ನೇ ನಂಬಿದ ಎರಡೂವರೆ ಎಕರೆ ಖುಷ್ಕಿ, ಬದುವಿನ ಮೇಲೆ ಇಪ್ಪತ್ತು ತೆಂಗು, ಮತ್ತು ಮಂಡಿ ಬಗ್ಗದ ಗಂಡ ಮುದ್ದಪ್ಪ. ಮುಯ್ಯಿ ಇಲ್ಲದಿದ್ದರೆ ಹೊಲದಲ್ಲಿ ಬೆಳೆದದ್ದು ಹೊಲದಲ್ಲೇ.

ಗುಂಪಿನ ಯಜಮಾನಿಕೆ ಕೆಂಚಮ್ಮನವರದ್ದು. ಅರವತ್ತೈದು ದಾಟಿದರೂ ಕುಡುಗೋಲಿಗೆ ಮೊದಲು ಸಾಣೆ ಹಿಡಿಸುವವರು ಅವರೇ. ರಾಗಿ ಕೊಯ್ಲಿನ ಆ ದಿನ ಕೈ ತೊಳೆಯುತ್ತಾ, ಯಾರಿಗೂ ನೋಯಬಾರದು ಎಂಬ ದನಿಯಲ್ಲಿ ಹೇಳಿದರು: "ಮುಂದಿನ್ ಸಲ ಪಲ್ಯ ನಾವೇ ತರ್ತೀವಿ ಬಿಡು ಹೇಮಾವತಿ. ನಿಂಗ್ಯಾಕೆ ಸುಮ್ನೆ ತೊಂದ್ರೆ."

ಬೈದಿದ್ದರೆ ಹೇಮಾವತಿ ತಿರುಗಿ ಬೈಯುತ್ತಿದ್ದರು. ಈ ಮೆತ್ತನೆಯ ಮಾತಿಗೆ ತಟ್ಟೆಗಳನ್ನು ಒಟ್ಟುಮಾಡಿ ಒಳಗೆ ಒಯ್ದರು. ಉಳಿದಿದ್ದು ಒಂದೇ ಅವಕಾಶ, ಕಡಲೆ ಕೀಳುವ ದಿನ. ಅದಕ್ಕೆ ಏಳೆಂಟು ವಾರ ಇತ್ತು.

ಮುದ್ದಪ್ಪನವರು ಬದನೆಕಾಯಿ ಎಣ್ಣೆಗಾಯಿ ಮಾಡು, ಅದರಲ್ಲಿ ನಿನ್ನನ್ನು ಮೀರಿಸುವವರಿಲ್ಲ ಎಂದು ಸಲಹೆ ಕೊಟ್ಟರು. ಗಂಡ ಹೊಗಳಿದಾಗ ಸಾಮಾನ್ಯವಾಗಿ ಒಪ್ಪುವ ಹೇಮಾವತಿ ಆ ದಿನ ಒಪ್ಪಲಿಲ್ಲ.

"ಬೇರೆ ಮಾಡಿದ್ರೆ ಬಟಾಣಿ ನಂಗೆ ಬರಲ್ಲ ಅಂತ ನಾನೇ ಒಪ್ಕೊಂಡಂಗೆ ಕಣ್ರೀ. ಅದೇ ಬಟಾಣಿ, ಅದೇ ಜನ."

ಅಲ್ಲಿಂದ ಶುರುವಾಯಿತು ಅಭ್ಯಾಸ. ಮುದ್ದಪ್ಪ ಅಜ್ಜಂಪುರದ ಸಂತೆಯಿಂದ ಬಟಾಣಿ ತರುವುದು, ಜಗಲಿಯ ಮೇಲೆ ಕಾಲು ಚಾಚಿ ಸುಲಿಯುವುದು, ಹೇಮಾವತಿ ಹುರಿಯುವುದು, ಮುದ್ದಪ್ಪ ತಿಂದು ತೀರ್ಪು ಕೊಡುವುದು. ಸಂತೆಯಲ್ಲಿ ಸಿಗದಿದ್ದಾಗ ಕಡೂರಿಗೆ ಹೋದವರ ಕೈಲಿ ಹೇಳಿ ತರಿಸಿದರು. ಕುಕ್ಕರ್ ಅಟ್ಟ ಹತ್ತಿತು, ಕಬ್ಬಿಣದ ಬಾಣಲೆ ಇಳಿಯಿತು. ಮೊದಲ ವಾರದ ಕಾಳು ಕಲ್ಲು. ಹಲ್ಲುಸೆಟ್ಟಿನ ಗ್ಯಾರಂಟಿ ಮುಗಿದಿದೆ ಎಂದು ಮುದ್ದಪ್ಪ ನೆನಪಿಸಿದರು. ಎರಡನೇ ವಾರದ್ದು ಮತ್ತೆ ಕೆಸರು. ಮೂರನೆಯದರಲ್ಲಿ ಕಾಳು ಕಾಳಾಗಿಯೇ ಉಳಿಯಿತು, ಬಣ್ಣ ಮಾತ್ರ ನೆನೆದ ತೆಂಗಿನ ನಾರಿನಂತಾಗಿತ್ತು.

ಸೊಪ್ಪು ಬಂದದ್ದು ಆಮೇಲೆ. ಬಚ್ಚಲ ನೀರು ಹರಿಯುವ ಕಡೆ ಪುದೀನ ತಾನಾಗಿ ಹಬ್ಬಿತ್ತು, ಅವರೆ ಸಾಲಿನ ಮಧ್ಯೆ ಸಬ್ಬಸಿಗೆ ಇತ್ತು, ಕೊತ್ತಂಬರಿಗೆ ನಮ್ಮ ಹಿತ್ತಲು. ಮೊದಲು ಮೂರನ್ನೂ ಒಗ್ಗರಣೆಗೇ ಹಾಕಿದರು. ಕಪ್ಪಾಗಿ ಕಷಾಯದ ವಾಸನೆ ಬಂತು. ಕೊನೆಗೆ ಹಾಕಿದಾಗ ಮನೆಯೆಲ್ಲ ಘಮಗುಟ್ಟಿತು. ಸಬ್ಬಸಿಗೆ ಮುಷ್ಟಿ ತುಂಬ, ಪುದೀನ ಅದರರ್ಧ, ಕೊತ್ತಂಬರಿ ಧಾರಾಳ. ಈ ಪ್ರಮಾಣಕ್ಕೆ ಅವರು ಬಂದದ್ದು ಎಲ್ಲೂ ಓದಿ ಅಲ್ಲ, ಯಾರ ಮೊಬೈಲು ನೋಡಿಯೂ ಅಲ್ಲ. ಮೂಗು ಹೇಳಿತು, ಕೈ ಕೇಳಿತು. ನಮ್ಮ ಬೀದಿಗೆ ಈ ವಿಷಯದಲ್ಲಿ ಜಂಬ ಇರುವುದು ನಿಜ, ನನಗೂ ಪಾಲುಂಟು. ತಿಂದವರ ಪೈಕಿ ನಾನೂ ಒಬ್ಬಳು.

ಒಂದು ರೋಗ ಮಾತ್ರ ವಾಸಿಯಾಗಲಿಲ್ಲ. ಎಲ್ಲ ಸರಿಯಾಗಿ ಬಂದ ಗಳಿಗೆಯಲ್ಲಿ, ಹಸಿ ಉಳಿದಿದೆಯೇನೋ ಎಂಬ ಅಳುಕು ಹುಟ್ಟುತ್ತಿತ್ತು. ಇನ್ನೊಂದು ನಿಮಿಷ ಇರಲಿ ಎಂದು ತಟ್ಟೆ ಮುಚ್ಚುತ್ತಿದ್ದರು. ಆ ಒಂದು ನಿಮಿಷ ಮೂರಾಗುತ್ತಿತ್ತು, ಮೂರರಲ್ಲಿ ಹಸಿರು ಹೋಗುತ್ತಿತ್ತು. ಮುದ್ದಪ್ಪ ವಾಚು ಹಿಡಿದು ಪಕ್ಕದಲ್ಲೇ ನಿಂತರೂ ಪ್ರಯೋಜನವಾಗಲಿಲ್ಲ. ವಾಚಿಗಿಂತ ಹೆಂಡತಿಗೆ ಹೆದರುವವರು ಅವರು.

ಕಡಲೆ ಕೀಳುವುದು ಇಬ್ಬನಿ ಇರುವಾಗ. ಒಣಗಿದ ಮೇಲೆ ಕೈ ಹಾಕಿದರೆ ಕಾಯಿ ಸಿಡಿದು ಕಾಳು ಮಣ್ಣುಪಾಲು. ಹಾಗಾಗಿ ಮುಯ್ಯಾಳುಗಳು ಬೆಳಕು ಹರಿಯುವಷ್ಟರಲ್ಲಿ ಹೊಲದಲ್ಲಿದ್ದರು. ಹತ್ತು ಗಂಟೆಗೆ ಊಟ ಎಂದು ಲೆಕ್ಕ ಹಾಕಿ ಹೇಮಾವತಿ ಮುದ್ದೆ, ಸಾರು ಮುಗಿಸಿ, ಪಲ್ಯವನ್ನು ಬಿಸಿಬಿಸಿ ಮಾಡೋಣ ಎಂದು ಕಡೆಗಿಟ್ಟುಕೊಂಡಿದ್ದರು. ಅವತ್ತು ಇಬ್ಬನಿಯೇ ತೆಳುವಾಗಿತ್ತು. ಎಂಟೂವರೆಗೆಲ್ಲ ಬಿಸಿಲು ಚುರುಕಾಗಿ ಗಿಡ ಗಲಗಲ ಎನ್ನತೊಡಗಿತು. ಉಳಿದದ್ದು ನಾಳೆಗೆ ಎಂದು ಕೆಂಚಮ್ಮ ಸೆರಗು ಕೊಡವಿದರು. ಒಂಬತ್ತಕ್ಕೆ ಹನ್ನೊಂದು ಜನ ಪಡಸಾಲೆಯಲ್ಲಿ ಸಾಲಾಗಿ ಕೂತಿದ್ದರು, ಕಡಲೆ ಗಿಡದ ಹುಳಿಗೆ ಬೆರಳು ಉರಿಯುತ್ತಿದ್ದರಿಂದ ಯಾರಿಗೂ ಹರಟೆಯ ಮನಸ್ಸಿರಲಿಲ್ಲ. ಕೆಂಚಮ್ಮನ ಪಕ್ಕದಲ್ಲಿ ಒಂದು ಸ್ಟೀಲ್ ಡಬ್ಬಿ. ಅವರು ಅದನ್ನು ಬಚ್ಚಿಡಲಿಲ್ಲ, ತೋರಿಸಲೂ ಇಲ್ಲ. ಎಲ್ಲರೂ ನೋಡಿದರು.

ಹೇಮಾವತಿಯೂ ನೋಡಿದರು. ಮುಖದಲ್ಲಿ ಏನೂ ಕಾಣಿಸಲಿಲ್ಲ.

"ಹತ್ ನಿಮ್ಷ ಕೂತ್ಕೊಳ್ಳಿ ಕೆಂಚಕ್ಕ. ಆ ಡಬ್ಬಿ ಮಾತ್ರ ಬಿಚ್ಬೇಡಿ."

"ಹತ್ ನಿಮ್ಷಕ್ಕೆ ಏನಾಗುತ್ತೆ ಹೇಳು, ನೀರೂ ಕಾಯಲ್ಲ," ಎಂದರು ಕೆಂಚಮ್ಮ. ಸಾಲಿನ ತುದಿಯಲ್ಲಿ ಯಾರೋ ಮೂಗಿನಲ್ಲೇ ನಕ್ಕರು.

ನಾನು ಅಡುಗೆಮನೆಯ ಬಾಗಿಲಲ್ಲಿ ನೀರಿನ ಲೋಟ ಜೋಡಿಸುತ್ತಿದ್ದೆ. ಒಳಗೆ ನನಗೆ ಕಂಡದ್ದು ಹೇಮಕ್ಕನ ಬೆನ್ನು, ಎರಡು ಮೊಣಕೈ. ಎಣ್ಣೆ ಕಾಯಿತು. ಸಾಸಿವೆ ಸಿಡಿಯಿತು. ಜಜ್ಜಿದ ಬೆಳ್ಳುಳ್ಳಿ, ಸೀಳಿದ ಹಸಿಮೆಣಸಿನಕಾಯಿ. ಹಿಂದಿನ ಸಂಜೆ ಮುದ್ದಪ್ಪ ಸುಲಿದಿಟ್ಟ ಬಟಾಣಿ ಬಾಣಲೆಗೆ ಬಿದ್ದು ಗಲಾಟೆ ಮಾಡಿತು. ಉಪ್ಪು, ಚಿಟಿಕೆ ಬೆಲ್ಲ, ಎರಡು ಸಲ ಕೈಯಲ್ಲಿ ನೀರು ಚಿಮುಕಿಸಿ ತಟ್ಟೆ ಮುಚ್ಚಿದರು. ಆ ಹೊತ್ತಿನಲ್ಲಿ ಸೊಪ್ಪು ಹೆಚ್ಚಿದ್ದಾಯಿತು. ಹೊರಗೆ ರೈಲೊಂದು ಕೂಗಿತು, ಮೊಣಕೈ ಅಲುಗಲಿಲ್ಲ. ತಟ್ಟೆ ತೆಗೆದರು. ಆವಿ ಸರಿದಂತೆ, ಹೊಸದಾಗಿ ಬಣ್ಣ ಹೊಡೆದಂಥ ಹಸಿರು ಬಾಗಿಲಿಗೇ ಕಾಣಿಸಿತು. ಸಬ್ಬಸಿಗೆ, ಪುದೀನ, ಕೊತ್ತಂಬರಿ ಒಟ್ಟಿಗೆ ಬಿದ್ದವು, ಸೌಟು ಎರಡು ಸುತ್ತು ತಿರುಗಿತು.

ಇನ್ನು ಬರುತ್ತದೆ ಆ ಇನ್ನೊಂದು ನಿಮಿಷ ಎಂದು ನಾನು ಉಸಿರು ಹಿಡಿದೆ. ಕೈ ತಟ್ಟೆಯ ಕಡೆ ಹೋದದ್ದೂ ನಿಜ. ಅಷ್ಟರಲ್ಲಿ ಏನಾಯಿತೋ, ಕೈ ನಿಂತಿತು. ಒಂದು ಕ್ಷಣ ಒಲೆಯನ್ನೇ ನೋಡಿದರು. ಸೆರಗಿನಲ್ಲಿ ಬಾಣಲೆಯ ಕಿವಿ ಹಿಡಿದು ತಟ್ಟನೆ ಇಳಿಸಿ, ತೆಂಗಿನ ತುರಿ ಉದುರಿಸಿ, ಅರ್ಧ ನಿಂಬೆಹಣ್ಣು ಹಿಂಡಿದರು. ಎರಡು ತಿಂಗಳು ಮುದ್ದಪ್ಪನ ವಾಚಿನಿಂದ ಆಗದ್ದು ಆ ಕೈಗೆ ಆ ಗಳಿಗೆಯಲ್ಲಿ ಬಂದದ್ದು ಕಂಡು ನನ್ನ ಕಣ್ಣು ತುಂಬಿತು. ಸ್ವಲ್ಪ ಮೆಣಸಿನಕಾಯಿ ಘಾಟೂ ಇತ್ತೆನ್ನಿ.

ಬಡಿಸುವಾಗ ಹೇಮಾವತಿ ಯಾರ ಮುಖವನ್ನೂ ನೋಡಲಿಲ್ಲ. ಕೊನೆಯ ತಟ್ಟೆಯವರೆಗೆ ಬಡಿಸಿ, ಗೋಡೆಗೆ ಒರಗಿ ನಿಂತರು. ಜಗಲಿಯಿಂದ ಮುದ್ದಪ್ಪ ಒಳಗೆ ಇಣುಕಿ, ಚಟ್ನಿ ಎಂಬ ಪದ ಯಾರ ಬಾಯಿಂದಲೂ ಬರಲಿಲ್ಲವೆಂದು ಖಾತ್ರಿ ಮಾಡಿಕೊಂಡು ತಲೆ ಹಿಂದೆಗೆದುಕೊಂಡರು. ಕೆಂಚಮ್ಮ ಒಂದು ಕಾಳು ಬೆರಳಲ್ಲಿ ಎತ್ತಿ, ಬೆಳಕಿಗೆ ಹಿಡಿದು, ಬಾಯಿಗೆ ಹಾಕಿಕೊಂಡರು. ನಿಧಾನವಾಗಿ ಅಗಿದರು. ಆಮೇಲೆ ಒಂದು ತುತ್ತು ಪಲ್ಯ, ಇನ್ನೊಂದು ತುತ್ತು. ಮುದ್ದೆ ಅರ್ಧ ಇರುವಾಗಲೇ ಅವರ ತಟ್ಟೆಯಲ್ಲಿ ಪಲ್ಯ ಮುಗಿದಿತ್ತು.

"ಇನ್ನೊಂದ್ ಸೌಟು ಹಾಕು," ಎಂದು ತಟ್ಟೆ ಮುಂದೆ ಚಾಚಿದರು. "ಸುಗ್ಗಿ ಮುಗಿದ್ಮೇಲೆ ನಮ್ಮನೆ ತೆಂಗಿನ್ ಕಾಯಿ ಸುಲಿಯಕ್ಕೆ ಮೊದ್ಲು ನಿನ್ನನ್ನೇ ಕರಿತೀನಿ. ಬತ್ತೀಯಲ್ಲ?"

ಬತ್ತೀನಿ ಎಂದು ಹೇಮಾವತಿ ತಲೆ ಆಡಿಸಿದರು. ಸೌಟು ತುಂಬಿಸಿ ಅವರ ತಟ್ಟೆಗೆ ಹಾಕಿದರು. ಹತ್ತು ಜನ ಸೊಂಟ ಸಡಿಲಿಸಿ, ನಮಗೂ ಎಂದು ತಟ್ಟೆ ಚಾಚಿದರು. ಬಾಣಲೆ ತಳ ಕಂಡಿತು. ಆ ಡಬ್ಬಿ ಬಂದ ಹಾಗೆಯೇ ಮನೆಗೆ ಹೋಯಿತು. ಅದರಲ್ಲಿ ಏನಿತ್ತೆಂದು ಇವತ್ತಿಗೂ ಯಾರಿಗೂ ಗೊತ್ತಿಲ್ಲ, ಕೇಳುವ ಧೈರ್ಯವೂ ಇಲ್ಲ.

ಕೈ ತೊಳೆದು ಎಲೆಯಡಿಕೆಗೆ ಕೂತಾಗ ತನುಜಾ ಮಾತು ತೆಗೆದಳು. ಅವಳು ಕೆಂಚಮ್ಮನ ಕಿರಿಯ ಸೊಸೆ, ತರೀಕೆರೆಯಲ್ಲಿ ಡಿಗ್ರಿ ಮಾಡಿದವಳು, ಏನನ್ನಾದರೂ ಕಲಿಯಬೇಕೆಂದರೆ ಮೊದಲಿಂದ ಕೊನೆಯವರೆಗೆ ಕೇಳಿ ತಿಳಿಯುವ ಜಾತಿ. ಎಣ್ಣೆ ಎಷ್ಟು, ಬೆಲ್ಲ ಯಾಕೆ, ಪುದೀನ ಯಾವಾಗ ಎಂದೆಲ್ಲ ಕೇಳಿ ಮುಗಿಸಿದಳು. ಹೇಮಾವತಿ ಮೇಷ್ಟರ ಹಾಗೆ ಒಂದೊಂದಕ್ಕೂ ಉತ್ತರ ಕೊಟ್ಟರು. ಆಮೇಲೆ ಅವಳು ನಾನು ಕೇಳಬೇಕೆಂದಿದ್ದ ಪ್ರಶ್ನೆಯನ್ನೇ ಕೇಳಿದಳು. ಕೆಂಚಮ್ಮನೂ ಸುಣ್ಣ ಹಚ್ಚುತ್ತಿದ್ದ ಬೆರಳು ನಿಲ್ಲಿಸಿ ಕತ್ತೆತ್ತಿದರು.

"ಹೇಮತ್ತೆ, ಅದೆಲ್ಲ ಸರಿ. ಇಷ್ಟಕ್ಕೆ ಸಾಕು, ಇಳಿಸ್ಬೇಕು ಅಂತ ನಿಮ್ಗೆ ಹೆಂಗ್ ಗೊತ್ತಾಯ್ತು?"

ಹೇಮಾವತಿ ಸೆರಗಿನಿಂದ ಮುಖ ಒರೆಸಿಕೊಂಡರು.

"ಗೊತ್ತಾಗೋದೇನ್ ಬಂತು ತನುಜಾ. ಗ್ಯಾಸ್ ಮುಗೀತು."